ಗಡಿಯಾರದ ಕೋಣೆಯಲ್ಲಿ ತಾಕಿದ ಜಾಳು

ಪೀಣ್ಯದಲ್ಲಿ ಕೆಲಸಕ್ಕಿದ್ದಾಗ ನಾನು ಒಬ್ಬ ಮನುಷ್ಯನ ಬಲಗೈಯ ಬೆರಳುಗಳನ್ನು ಕತ್ತರಿಸಿಬಿಡುವುದರಲ್ಲಿದ್ದೆ. ಆತನ ಮೇಲೆ ನನಗೆ ಯಾವ ಸಿಟ್ಟೂ ಇರಲಿಲ್ಲ. ಆ ಗಳಿಗೆಯಲ್ಲಿ ನಾನು ನಗುತ್ತಿದ್ದೆ. ಇಷ್ಟು ವರ್ಷಗಳಾದ ಮೇಲೂ ಮನೆಯಲ್ಲಿ ಯಾರಾದರೂ ಬಾಗಿಲನ್ನು ಜೋರಾಗಿ ಎಳೆದುಕೊಂಡರೆ ನಾನು ಮೊದಲು ನೋಡುವುದು ಅವರ ಕೈಯನ್ನು. ಬೆರಳುಗಳನ್ನು ಎಣಿಸಿಯೂ ನೋಡುತ್ತೇನೆ. ಮನೆಯವರು ಇದನ್ನು ವಯಸ್ಸಾದವನ ಚಾಳಿ ಎಂದು ತಿಳಿದಿದ್ದಾರೆ. ಅದು ಚಾಳಿಯಲ್ಲ, ಒಂದು ಕಾಯಿಲೆಯ ಉಳಿಕೆ. ಆ ಕಾಯಿಲೆಗೆ ಯಾವ ವೈದ್ಯರ ಪುಸ್ತಕದಲ್ಲೂ ಹೆಸರಿಲ್ಲ. ನಮ್ಮ ಕಾರ್ಖಾನೆಯವರು ಅದನ್ನು ಜಾಳು ಎನ್ನುತ್ತಿದ್ದರು.

ಎಪ್ಪತ್ತರ ದಶಕದ ಕೊನೆಯ ಮಾತು. ಪೀಣ್ಯದ ಶೆಡ್ಡುಗಳ ನಡುವೆ ಆಗಿನ್ನೂ ರಾಗಿ ಹೊಲಗಳು ಉಳಿದಿದ್ದವು. ಒಂದು ಗೋಡೆಯ ಆಚೆ ಲೇತ್ ತಿರುಗುತ್ತಿದ್ದರೆ ಈಚೆ ಕಳೆ ಕೀಳುತ್ತಿದ್ದರು. ನಮ್ಮ ತಂದೆ ದೊಡ್ಡದೊಂದು ಸರ್ಕಾರಿ ಕಾರ್ಖಾನೆಯಲ್ಲಿದ್ದವರು. ನಮ್ಮ ಬೀದಿಯಲ್ಲಿ ಹೆಂಗಸರು ಅಲ್ಲಿನ ಸೈರನ್ ಕೇಳಿಯೇ ಸಾರಿಗೆ ಒಗ್ಗರಣೆ ಹಾಕುತ್ತಿದ್ದರು. ನಾನೂ ಅದೇ ಕಾರ್ಖಾನೆಗೆ ಸೇರಬೇಕೆಂದು ಮನೆಯವರ ಆಸೆ. ನಾನು ಭೌತಶಾಸ್ತ್ರದಲ್ಲಿ ಬಿ.ಎಸ್ಸಿ. ಮಾಡಿದ್ದೆ. ಎರಡು ಅಂಕದಲ್ಲಿ ಪ್ರಥಮ ದರ್ಜೆ ತಪ್ಪಿತು ಎಂದು ಎಲ್ಲರಿಗೂ ಹೇಳಿಕೊಂಡು ತಿರುಗುತ್ತಿದ್ದೆ. ನಿಜವಾಗಿ ತಪ್ಪಿದ್ದು ಮೂವತ್ತೊಂದು ಅಂಕದಲ್ಲಿ. ಸಂದರ್ಶನದಲ್ಲಿ ಕೂತಿದ್ದವರಿಗೆ ಅದು ಹೇಗೋ ಗೊತ್ತಾಗಿಬಿಟ್ಟಿತ್ತು. ಕೊನೆಗೆ ತಂದೆಯ ಪರಿಚಯದವರೊಬ್ಬರು ಪೀಣ್ಯದಲ್ಲಿ ನಡೆಸುತ್ತಿದ್ದ ಸಣ್ಣ ಗಡಿಯಾರ ಕಾರ್ಖಾನೆಯಲ್ಲಿ ನನಗೆ ಜಾಗ ಸಿಕ್ಕಿತು. ಆರು ತಿಂಗಳು ಪ್ರೊಬೇಷನ್, ಆಮೇಲೆ ಖಾಯಂ.

ಗಡಿಯಾರವೆಂದರೆ ಕೈಗೆ ಕಟ್ಟುವಂಥದ್ದಲ್ಲ. ಕಾರ್ಖಾನೆಗಳ ಗೇಟಿನಲ್ಲಿ ಕೆಲಸಗಾರರು ಕಾರ್ಡು ತೂರಿಸಿದರೆ ಠಕ್ಕೆಂದು ಹೊತ್ತು ಮುದ್ರಿಸುತ್ತದಲ್ಲ, ಅಂಥದ್ದು. ಜೋಡಣೆಯಾದ ಪ್ರತಿಯೊಂದು ಗಡಿಯಾರವನ್ನೂ ಹಿಂದಿನ ಒಂದು ಕೋಣೆಯಲ್ಲಿ ವಾರದ ತನಕ ಓಡಿಸಿ, ದೊಡ್ಡ ಗಡಿಯಾರದೊಂದಿಗೆ ಹೋಲಿಸಿ, ತಿರುಪು ತಿರುಗಿಸಿ ಸರಿಮಾಡಬೇಕು. ಅದು ನನ್ನ ಕೆಲಸ. ಕೋಣೆಗೆ ಕಿಟಕಿ ಇರಲಿಲ್ಲ, ಧೂಳು ಬರಬಾರದಲ್ಲ. ಗೋಡೆಯ ತುಂಬ ಇನ್ನೂರು ಚಿಲ್ಲರೆ ಗಡಿಯಾರ. ಒಂದಕ್ಕೊಂದು ತಾಳ ಕೂಡದೆ, ಮದುವೆ ಊಟದ ಪಂಕ್ತಿಯಲ್ಲಿ ಎಲ್ಲರೂ ಹಪ್ಪಳ ಮುರಿದಂಥ ಸದ್ದು. ಒಂದು ಮುಂದೆ, ಒಂದು ಹಿಂದೆ, ಇನ್ನೊಂದು ಇವೆರಡರ ನಡುವೆ ಎಲ್ಲೋ.

ಆ ಕೋಣೆಯ ಮೇಲ್ವಿಚಾರಣೆ ಅಕ್ಕನದು. ಎಲ್ಲರೂ ಅವರನ್ನು ಅಕ್ಕ ಎಂದೇ ಕರೆಯುತ್ತಿದ್ದುದು. ನಲವತ್ತರ ಆಸುಪಾಸು, ಪೇಟೆಯ ನೇಕಾರರ ಮನೆತನ. ಮನೆಯ ಮಗ್ಗ ನಿಂತುಹೋದ ಮೇಲೆ ಕಾರ್ಖಾನೆಗೆ ಬಂದವರು. ಕೋಣೆಯ ಬಾಗಿಲ ಹೊರಗೆ ಒಂದು ಮೊಳೆಗೆ ನೂಲಿನ ಉಂಡೆ ನೇತುಹಾಕಿದ್ದರು. ಮೊದಲ ದಿನ ನಾನು ಒಳಗಿನಿಂದ ಬಂದಕೂಡಲೇ ಉಂಡೆಯಿಂದ ಗೇಣುದ್ದದ ಎರಡು ಎಳೆ ಕಿತ್ತು ನನ್ನ ಕೈಗೆ ಕೊಟ್ಟರು.

“ಎರಡೂ ಸೇರ್ಸಿ ಗಂಟು ಹಾಕಿ ತೋರ್ಸಪ್ಪ.”

“ಯಾಕಕ್ಕ?”

“ಒಳಗಿಂದ ಬಂದೋರೆಲ್ಲ ಹಾಕ್ಬೇಕು. ಗಂಟು ನಿಂತ್ರೆ ಮೆಷಿನ್ ಮುಟ್ಟಬಹುದು. ಜಾರಿದ್ರೆ ಹೊರಗಿರೋ ಆ ಕಲ್ಲಿನ ಮೇಲೆ ಕೂತ್ಕೋಬೇಕು, ನಿಲ್ಲೋವರ್ಗೂ.”

“ಜಾರೋದು ಯಾಕೆ?”

“ಜಾಳು ತಾಕಿರುತ್ತೆ.”

ನಾನು ನಕ್ಕೆ. ಓದಿದವನು ನಗಬೇಕಾದ ಜಾಗವೆಂದು ಅನ್ನಿಸಿತು. ಅಕ್ಕ ಸಿಟ್ಟಾಗಲಿಲ್ಲ. ಮಗ್ಗದ ಮುಂದೆ ಮಗುವನ್ನು ಕೂರಿಸಿಕೊಂಡು ಹೇಳಿಕೊಡುವ ಹಾಗೆ ಹೇಳಿದರು.

“ನೋಡು, ಹೊತ್ತು ಅನ್ನೋದು ಬಟ್ಟೆ ಇದ್ದಂಗೆ. ಹಾಸು ಬಿಗಿಯಾಗಿರುತ್ತೆ, ಹೊಕ್ಕು ಒಂದೇ ಸಮ ಬೀಳ್ತಾ ಹೋಗುತ್ತೆ. ಊರಲ್ಲಿ ಎಲ್ಲಾ ಕಡೆ ಹಂಗೇ. ಈ ರೂಮಲ್ಲಿ ಇನ್ನೂರು ಲಾಳಿ ಕಣಪ್ಪ, ಒಂದೊಂದು ಒಂದೊಂದು ಥರ ಓಡುತ್ತೆ, ಒಂದೊಂದು ಒಂದೊಂದ್ ಕಡೆ ಎಳೆಯುತ್ತೆ. ಎಳೆದೂ ಎಳೆದೂ ಇಲ್ಲಿ ಬಟ್ಟೆ ಜಾಳಾಗಿದೆ. ಅದರೊಳಗೆ ಜಾಸ್ತಿ ಹೊತ್ತು ಕೂತ್ರೆ ಮನುಷ್ಯನೂ ಜಾಳಾಗ್ತಾನೆ.”

“ಅಕ್ಕ, ಕಾಲ ಬಟ್ಟೆ ಅಲ್ಲ. ಅದೊಂದು ಡೈಮೆನ್ಷನ್ನು.”

“ಆಯ್ತಪ್ಪ. ಡೈಮೆನ್ಷನ್ನೇ ಜಾಳಾಗಿದೆ ಅಂತ ಇಟ್ಕೋ. ಈಗ ಗಂಟು ಹಾಕು.”

ಅವರು ಕಲಿಸಿದ್ದು ನೇಕಾರರು ಹರಿದ ಎಳೆಯನ್ನು ಕೂಡಿಸುವ ಗಂಟು. ಹೆಬ್ಬೆರಳಿನಡಿ ಎರಡೂ ಎಳೆಯನ್ನು ಅಡ್ಡ ಹಿಡಿದು, ಕುಣಿಕೆ ಮಾಡಿ, ತುದಿ ತೂರಿಸಿ, ಒಂದೇ ಎಳೆತಕ್ಕೆ ಬಿಗಿಯಬೇಕು. ಬಿದ್ದರೆ ಜಪ್ಪಯ್ಯ ಎಂದರೂ ಬಿಡದು. ಕಸ ಗುಡಿಸುವ ಹೆಂಗಸೂ ನಡೆಯುತ್ತ ನಡೆಯುತ್ತಲೇ ಅದನ್ನು ಹಾಕುತ್ತಿದ್ದಳು. ನನಗೆ ಕಲಿಯಲು ಒಂಬತ್ತು ದಿನ ಬೇಕಾಯಿತು. ಆ ಒಂಬತ್ತು ದಿನ ನನಗೆ ಜಾಳೂ ತಾಕಿರಲಿಲ್ಲ, ಏನೂ ಇರಲಿಲ್ಲ. ಬರೀ ಕೈ ಬಾರದು, ಅಷ್ಟೇ.

ಜಾಳಿನಲ್ಲಿ ಎರಡು ಬಗೆ. ಹಿಂಜಾಳು ತಾಕಿದವನು ನಾಲ್ಕಾರು ಕ್ಷಣ ಹಿಂದೆ ಬೀಳುತ್ತಾನೆ. ಪ್ಯಾಕಿಂಗಿನ ಮುದುಕರೊಬ್ಬರಿಗೆ ಅದು ಆಗಾಗ ತಾಕುತ್ತಿತ್ತು. ಟೀ ಕುಡಿದು ಮುಗಿಸಿದ ಮೇಲೂ ಖಾಲಿ ಲೋಟವನ್ನು ಉಫ್ ಉಫ್ ಎಂದು ಆರಿಸುತ್ತ ಕೂತಿರುತ್ತಿದ್ದರು. ಅದರಿಂದ ಯಾರಿಗೂ ಕೇಡಿಲ್ಲ. ಮುಂಜಾಳು ಕೆಟ್ಟದ್ದು. ಅದು ತಾಕಿದವನಿಗೆ ಇನ್ನೂ ಆಗದೆ ಇರುವುದು ಆಗಿಹೋದಂತೆ ಕಾಣುತ್ತದೆ, ಕೇಳುತ್ತದೆ. ಬಹಳ ಮುಂದಿನದೇನೂ ಅಲ್ಲ. ಒಂದು ಕ್ಷಣ, ಹೆಚ್ಚೆಂದರೆ ಎರಡು. ಲಾಟರಿಯ ನಂಬರು ತಿಳಿಯುವಷ್ಟು ಮುಂದಿನದು ಕಂಡಿದ್ದರೆ ಪೀಣ್ಯದಲ್ಲಿ ಯಾರು ಕೆಲಸ ಮಾಡುತ್ತಿದ್ದರು? ಗಂಟಿನ ಪರೀಕ್ಷೆ ಇದ್ದದ್ದೂ ಅದಕ್ಕೇ. ಮುಂಜಾಳಿನವನ ಕಣ್ಣಿಗೆ ಕುಣಿಕೆ ಬಿಗಿಯುವ ಮೊದಲೇ ಬಿಗಿದಂತೆ ಕಾಣುತ್ತದೆ. ಬೆರಳು ಕಣ್ಣನ್ನು ನಂಬಿ ಬಿಟ್ಟುಬಿಡುತ್ತದೆ. ಗಂಟು ಜಾರುತ್ತದೆ.

ನನಗೆ ತಾಕಿದ್ದು ನಾಲ್ಕನೆಯ ತಿಂಗಳಲ್ಲಿ. ತಪ್ಪು ನನ್ನದೇ. ಒಂದು ಸಲಕ್ಕೆ ಒಂದು ಗಂಟೆ ಎಂಬ ಅಕ್ಕನ ನಿಯಮವನ್ನು ನಾನು ಮೂಢನಂಬಿಕೆಯ ಲೆಕ್ಕಕ್ಕೆ ಸೇರಿಸಿದ್ದೆ. ಅವರು ಊಟಕ್ಕೆ ಹೋದಾಗ ಒಳಗೇ ಕೂತು ಎರಡು ಗಂಟೆ, ಎರಡೂವರೆ ಗಂಟೆ ಕೆಲಸ ಮಾಡುತ್ತಿದ್ದೆ. ಮಾಲೀಕರಿಗೆ ನನ್ನ ಶ್ರದ್ಧೆ ಕಾಣಲಿ ಎಂದು. ಮಾಲೀಕರು ಆ ಕಡೆ ಬರುತ್ತಲೇ ಇರಲಿಲ್ಲ, ಅದು ಬೇರೆ ಮಾತು.

ಮೊದಲು ಗೊತ್ತಾದದ್ದು ಊಟದ ಎಲೆಯ ಮುಂದೆ. ಅಮ್ಮ ಸೌಟು ಎತ್ತುವ ಮೊದಲೇ ನಾನು “ಸಾಕು ಸಾಕು” ಎಂದು ಕೈ ಅಡ್ಡ ಹಿಡಿಯುತ್ತಿದ್ದೆ. ಅಮ್ಮ ಸಾರು ಹಾಕುತ್ತಲೇ ಇರಲಿಲ್ಲ. ಒಂದು ವಾರ ಬರೀ ಅನ್ನ ತಿಂದೆ. ಬಸ್ಸು ನಿಂತಿತೆಂದು ಇಳಿದೆ, ಅದು ನಿಂತಿರಲಿಲ್ಲ. ದಾಸರಹಳ್ಳಿಯ ಸ್ಟಾಪಿನಲ್ಲಿ ಹೂವಿನ ಬುಟ್ಟಿಯ ಮೇಲೆ ಬಿದ್ದೆ. ಬುಟ್ಟಿಯವಳು ಬಯ್ಯಲು ಬಾಯಿ ತೆರೆಯುವಷ್ಟರಲ್ಲಿ ನಾನು “ನಮ್ಮಪ್ಪನ್ನ ಯಾಕಮ್ಮಾ ಬೈತೀಯಾ?” ಎಂದು ಕೇಳಿದೆ. ಆಕೆ ದಂಗಾಗಿ, ಆಮೇಲೆ ನನ್ನ ತಂದೆಯನ್ನು ಧಾರಾಳವಾಗಿ ಬಯ್ದಳು.

ಕಣ್ಣಿನ ದೋಷವಿರಬೇಕು ಎಂದುಕೊಂಡು ಕಾರ್ಖಾನೆಯವರು ಹೋಗುವ ಡಿಸ್ಪೆನ್ಸರಿಗೆ ಹೋದೆ. ಡಾಕ್ಟರು ಸ್ಟೆತಾಸ್ಕೋಪು ಇಟ್ಟರು.

ನಾನು ಹೇಳಿದೆ: “ಹತ್ತು ದಿನದಿಂದ ಸಾರ್.”

“ಎಷ್ಟು ದಿನದಿಂದ?” ಎಂದರು ಡಾಕ್ಟರು. ಆಮೇಲೆ ತಲೆಯೆತ್ತಿ ನನ್ನನ್ನು ನೋಡಿದರು.

“ಇಲ್ಲ ಸಾರ್, ಹಸಿವು ಚೆನ್ನಾಗಿದೆ.”

“ನಾನಿನ್ನೂ ಕೇಳಿಲ್ಲಪ್ಪ.”

“ಗೊತ್ತು ಸಾರ್. ಅದೇ ತೊಂದರೆ.”

ಅವರು ಚೀಟಿಯ ಮೇಲೆ ‘ವೀಕ್‌ನೆಸ್’ ಎಂದು ಬರೆದು ಬಿ ಕಾಂಪ್ಲೆಕ್ಸ್ ಮಾತ್ರೆ ಕೊಟ್ಟರು. ಪಾಪ, ಅವರಾದರೂ ಏನು ಮಾಡಬೇಕು? ಮಾತ್ರೆ ಚೆನ್ನಾಗಿತ್ತು. ನುಂಗುವ ಮೊದಲೇ ಬಾಯಿ ಕಹಿಯಾಗುತ್ತಿತ್ತು.

ಇಷ್ಟೆಲ್ಲ ಆದರೂ ನಾನು ಜಾಳು ಎಂಬ ಮಾತನ್ನು ಒಪ್ಪಲಿಲ್ಲ. ಆದರೆ ಗಂಟು ಜಾರತೊಡಗಿತು. ಅಕ್ಕ ಬೆರಳಿನಿಂದ ಕಲ್ಲು ತೋರಿಸುತ್ತಿದ್ದರು. ಆ ಕಲ್ಲು ಗೇಟಿಗೆ ಎದುರಾಗಿತ್ತು. ಹೋಗುವವರು ಬರುವವರು ಎಲ್ಲರಿಗೂ ಅದರ ಮೇಲೆ ಕೂತವನು ಕಾಣಬೇಕು. ಮಧ್ಯಾಹ್ನದ ಬಿಸಿಲಿನಲ್ಲಿ ಕೂತು ನೂಲಿನ ತುಂಡುಗಳೊಂದಿಗೆ ಹೆಣಗುತ್ತಿದ್ದ ನನ್ನನ್ನು ನೋಡಿ ಪ್ರೆಸ್ಸಣ್ಣ ಹಾಯುವಾಗೆಲ್ಲ ಒಂದು ಮಾತು ಎಸೆಯದೆ ಹೋಗುತ್ತಿರಲಿಲ್ಲ.

ಪ್ರೆಸ್ಸಣ್ಣನೆಂದರೆ ನಮ್ಮಲ್ಲಿ ಹಿತ್ತಾಳೆ ತಗಡು ಕತ್ತರಿಸುವ ಕೈಪ್ರೆಸ್ಸಿನವನು. ನಲವತ್ತೈದರ ಗಟ್ಟಿ ಆಳು. ನಮ್ಮ ಕಾರ್ಖಾನೆ ನಿಂತಿದ್ದೇ ಆತನ ದಾಯಾದಿಗಳ ಹೊಲದ ಮೇಲೆ. ಇನ್ನೊಂದು ಕಡೆ ಉಳಿದಿದ್ದ ಒಂದೆಕರೆಯಲ್ಲಿ ಬೆಳಗ್ಗೆ ಕೆಲಸ ಮಾಡಿ, ಎಂಟು ಗಂಟೆಗೆ ಪ್ರೆಸ್ಸಿಗೆ ಬರುತ್ತಿದ್ದ. ಆ ಬಲಗೈ ನೇಗಿಲನ್ನೂ ಹಿಡಿಯುತ್ತಿತ್ತು, ತಗಡನ್ನೂ ಹಿಡಿಯುತ್ತಿತ್ತು. ಮನೆಯ ಏಳು ಜನಕ್ಕೆ ಇದ್ದದ್ದು ಅದೊಂದೇ ಕೈ ಎಂದರೂ ಸರಿಯೇ.

“ಏನ್ ಸಾ, ಕಲ್ಲು ಬೆಚ್ಚಗೈತಾ?” ಎನ್ನುತ್ತಿದ್ದ. “ಮೊಟ್ಟೆ ಇಟ್ರೆ ಮರಿ ಆಯ್ತದೆ, ಏಳ್ಬ್ಯಾಡಿ.”

ಪ್ರೊಬೇಷನ್ ಮುಗಿಯಲು ಆರು ವಾರ ಬಾಕಿ. ಮಾಲೀಕರು ಒಂದು ದಿನ ಗೇಟಿನಲ್ಲಿ ಕಾರು ನಿಲ್ಲಿಸಿ, “ಏನ್ರೀ, ನೀವು ಟೆಸ್ಟಿಂಗೋ, ವಾಚ್‌ಮನ್ನೋ?” ಎಂದು ಕೇಳಿದರು. ಅವರಿಗೆ ಜಾಳಿನ ವಿಷಯ ಗೊತ್ತಿರಲಿಲ್ಲ. ಗೊತ್ತು ಮಾಡಿಕೊಳ್ಳುವ ಇಷ್ಟವೂ ಇರಲಿಲ್ಲ. ಅಂದು ಸಂಜೆ ಬಸ್ಸಿನಲ್ಲಿ ನನಗೊಂದು ಉಪಾಯ ಹೊಳೆಯಿತು. ಭೌತಶಾಸ್ತ್ರ ಓದಿದವನಿಗೆ ಮಾತ್ರ ಹೊಳೆಯಬಹುದಾದ ಉಪಾಯ ಎಂದು ಆಗ ಹೆಮ್ಮೆಯಾಗಿತ್ತು. ಮೊಳೆಯ ಉಂಡೆಯಿಂದ ಒಂದಷ್ಟು ನೂಲನ್ನು ಮನೆಗೆ ತಂದು ಅಮ್ಮನ ಮುಂದೆ ಇಟ್ಟೆ. ಗಂಟು ಹಾಕುವ ಬಗೆಯನ್ನು ಬಾಯಲ್ಲಿ ವಿವರಿಸಿದೆ. ಅಮ್ಮ ಒಂದೇ ಸಲಕ್ಕೆ ಹಾಕಿದರು.

“ಇಪ್ಪತ್ತು ಬೇಕಮ್ಮ.”

“ಇಪ್ಪತ್ತಾ? ಯಾವ ವ್ರತನೋ ಇದು?”

“ಫ್ಯಾಕ್ಟರಿ ವ್ರತ.”

“ಹೆಣ್ಣುಮಕ್ಳು ಮಾಡೋದೋ, ಗಂಡಸರು ಮಾಡೋದೋ?”

“ಎಲ್ರೂ ಮಾಡ್ತಾರೆ. ನೀನು ಹಾಕಮ್ಮ.”

ಮಾರನೆಯ ದಿನದಿಂದ ನನ್ನ ಅಂಗಿಯ ಜೇಬಿನಲ್ಲಿ ಅಮ್ಮ ಹಾಕಿದ ಗಂಟುಗಳಿದ್ದವು. ಮುಗಿದಂತೆಲ್ಲ ಮತ್ತೆ ಹಾಕಿಸಿಕೊಳ್ಳುತ್ತಿದ್ದೆ. ಕೋಣೆಯಿಂದ ಬಂದು, ಉಂಡೆಯಿಂದ ಎರಡು ಎಳೆ ಕಿತ್ತು, ಅಕ್ಕನ ಕಡೆ ಬೆನ್ನು ಮಾಡಿ, ಬೆಳಕಿಗೆ ಹಿಡಿಯುವವನಂತೆ ನಟಿಸಿ, ಜೇಬಿನ ಒಂದು ಗಂಟನ್ನು ಕೈಗೆ ತಂದುಕೊಳ್ಳುತ್ತಿದ್ದೆ. ಅಕ್ಕ ಎಳೆದು ನೋಡುತ್ತಿದ್ದರು. ಜಗ್ಗುತ್ತಿರಲಿಲ್ಲ. “ಪರವಾಗಿಲ್ವೇ, ಕೈ ಕೂತಿದೆ” ಎಂದರು ಎರಡನೆಯ ದಿನ. ಅವರ ಆ ಮೆಚ್ಚುಗೆಗೆ ನನಗೆ ನಿಜವಾಗಿಯೂ ಖುಷಿಯಾಯಿತು. ಇದನ್ನು ಬರೆಯುವಾಗ ನನ್ನ ಮುಖಕ್ಕೆ ಕನ್ನಡಿ ಹಿಡಿಯಬೇಡಿ.

ಮೂರನೆಯ ವಾರದಲ್ಲಿ ಒಂದು ಶುಕ್ರವಾರ. ಸೋಮವಾರಕ್ಕೆ ಓಡಿಸಿ ನೋಡಿದ ನಲವತ್ತು ಗಡಿಯಾರ ಹೊರಡಬೇಕು, ಕೊನೆಗೆ ಕೂರಿಸುವ ಮುಖದ ತಗಡುಗಳೇ ಸಿದ್ಧವಾಗಿಲ್ಲ. ಪ್ರೆಸ್ಸಣ್ಣನ ಜೊತೆಗಾರ ತಂಗಿಯ ಮದುವೆಗೆಂದು ರಜೆ ಹಾಕಿದ್ದ. ಕೈಪ್ರೆಸ್ಸು ಇಬ್ಬರ ಕೆಲಸ. ಅದರ ತಲೆಯ ಮೇಲೆ ಅಡ್ಡಕ್ಕೆ ಒಂದು ಕಬ್ಬಿಣದ ತೋಳು, ತೋಳಿನ ಎರಡೂ ತುದಿಗೆ ಕುಂಬಳಕಾಯಿಯಷ್ಟು ದಪ್ಪದ ಗುಂಡು. ಒಬ್ಬನು ಕೆಳಗಿನ ಅಚ್ಚಿನ ಮೇಲೆ ತಗಡು ಇಟ್ಟು, ಕೈ ತೆಗೆದು, “ಬಿಡು” ಎನ್ನಬೇಕು. ಇನ್ನೊಬ್ಬನು ತೋಳನ್ನು ರೊಯ್ಯನೆ ತಿರುಗಿಸಬೇಕು. ಮೇಲಿನ ಅಚ್ಚು ಇಳಿದು ತಗಡನ್ನು ಬೆಣ್ಣೆಯ ಹಾಗೆ ಕತ್ತರಿಸುತ್ತದೆ. ಒಮ್ಮೆ ತಿರುಗಿಸಿದ ಮೇಲೆ ಗುಂಡಿನ ಭಾರವೇ ಅದನ್ನು ಎಳೆದುಕೊಂಡು ಹೋಗುತ್ತದೆ. ಹಿಡಿದು ನಿಲ್ಲಿಸುತ್ತೇನೆ ಎಂದರೆ ಆಗುವುದಿಲ್ಲ.

ತಿರುಗಿಸಲು ಯಾರು ಎಂಬ ಪ್ರಶ್ನೆ ಬಂತು. ನನ್ನನ್ನು ಯಾರೂ ಕರೆಯಲಿಲ್ಲ. ನಾನಾಗಿಯೇ ಅಂಗಿಯ ತೋಳು ಮಡಚಿಕೊಂಡು ಮುಂದೆ ಬಂದೆ. ಆಫೀಸಿನ ಗಾಜಿನ ಹಿಂದೆ ಮಾಲೀಕರು ನಿಂತಿದ್ದರಲ್ಲ.

“ಅಕ್ಕ, ಇವ್ರು ಗಂಟು ಆಕವ್ರಾ?” ಎಂದು ಪ್ರೆಸ್ಸಣ್ಣ ಕೂಗಿ ಕೇಳಿದ.

“ಈಗ್ತಾನೆ ಹಾಕಿದ್ರು. ಕಬ್ಬಿಣ ಇದ್ದಂಗಿತ್ತು,” ಎಂದರು ಅಕ್ಕ.

ಪ್ರೆಸ್ಸಣ್ಣ ಅಂಗೈಗೆ ಮಣ್ಣು ಸವರಿಕೊಂಡು ಕೂತ. “ಬನ್ನಿ ಸಾ. ನಿಮ್ ಬಿಯೆಸ್ಸಿ ಎಷ್ಟು ತೂಕ ಐತೆ ನೋಡಾನ.”

ಮೊದಲ ಮೂವತ್ತು ನಲವತ್ತು ಏಟು ಸರಿಯಾಗಿಯೇ ಬಿತ್ತು. ಒಂದು ಲಯ ಹಿಡಿಯಿತು. ತಗಡು, ಕೈ, “ಬಿಡಿ”, ಧಡ್. ತಗಡು, ಕೈ, “ಬಿಡಿ”, ಧಡ್. ಲಯ ಕೂಡಿದಾಗ ಆತ ಕತೆ ಹೇಳಲು ಶುರುಮಾಡಿದ. ಸರ್ಕಾರದವರು ಕಾರ್ಖಾನೆಗಳಿಗಾಗಿ ಜಮೀನು ಅಳೆಯಲು ಬಂದಾಗಿನ ಕತೆ.

“ಸರಪಣಿ ಇಡ್ಕೊಂಡು ಒಬ್ಬ ಆಫೀಸರ್ ಬಂದ ಸಾ. ನಮ್ ದೊಡ್ಡಪ್ಪ ಒಲದಾಗೆ ನಿಂತಿದ್ದ. ಬಿಡಿ.”

ಧಡ್.

“ಆಫೀಸರ್ ಏಳ್ದ, ಇಷ್ಟ್ ದಿನ ನೀವು ಇಲ್ಲಿ ರಾಗಿ ಬೆಳೆದ್ರಿ, ಇನ್ಮ್ಯಾಕೆ ಇಲ್ಲಿ ಗಡಿಯಾರ ಬೆಳೀತಾರೆ ಅಂತ. ಬಿಡಿ.”

ಧಡ್. ನಾನು ಹೊಟ್ಟೆ ಹಿಡಿದುಕೊಂಡು ನಕ್ಕೆ.

ಪ್ರೆಸ್ಸಣ್ಣ ಕತೆ ಮುಗಿಸಿದ, ಸ್ವಲ್ಪ ನಿಧಾನವಾಗಿ. “ದೊಡ್ಡಪ್ಪ ಕೇಳ್ದ, ಅದುಕ್ಕೆ ಎಂಥ ಗೊಬ್ಬರ ಆಕ್ಬೇಕು ಸಾಮಿ, ಅಂತ.”

ನಾನು ಆಗಲೇ ನಕ್ಕು ಮುಗಿಸಿದ್ದೆ. ಆತ ನನ್ನ ಮುಖವನ್ನೇ ನೋಡಿದ.

“ಈ ಕತೆ ನಿಮ್ಗೆ ಮುಂಚೆ ಯಾವಾಗಾದ್ರೂ ಏಳಿದ್ನಾ ಸಾ?”

“ಇಲ್ಲವಲ್ಲ.”

“ಸರಿ ಬುಡಿ,” ಎಂದು ಎದ್ದು ಹೋದ. ಹಿಂದಿನ ಬಾಗಿಲಿನಿಂದ ಆಚೆ ಹೋಗಿ ಬಂದು ಮತ್ತೆ ಕೂತ. ನೀರು ಕುಡಿಯಲು ಹೋಗಿದ್ದನೆಂದು ನಾನು ಅಂದುಕೊಂಡೆ. ನಾಲ್ಕು ಏಟು ಮತ್ತೆ ಸರಿಯಾಗಿ ಬಿತ್ತು. ಆತ ಕತೆ ಹೇಳಲಿಲ್ಲ.

ಐದನೆಯದು. ನಾನು ಅದನ್ನು ದಿನಕ್ಕೆ ಎಷ್ಟು ಸಲ ನೋಡುತ್ತೇನೋ ನನಗೇ ಗೊತ್ತಿಲ್ಲ. “ಬಿಡಿ” ಎಂದು ಆತನ ದನಿಯಲ್ಲೇ, ಆ ಸಣ್ಣ ಗೊಗ್ಗರಿನ ಸಮೇತ ನನಗೆ ಕೇಳಿಸಿತು. ತೋಳನ್ನು ತಿರುಗಿಸಿದೆ. ತಿರುಗಿಸಿದ ಮೇಲೆ ಆತನ ಮುಖ ಕಂಡಿತು. ಬಾಯಿ ಮುಚ್ಚಿತ್ತು. ಗುಂಡು ನನ್ನ ಕೈ ಬಿಟ್ಟು ಹೋಗಿತ್ತು. ಅದನ್ನು ಹಿಡಿಯಲು ಹಾರಿದೆ. ಅದು ನನ್ನ ಭುಜಕ್ಕೆ ಬಡಿದು ತಿರುಗಿಕೊಂಡೇ ಹೋಯಿತು. ಧಡ್. ಅಚ್ಚಿನ ಮುಂದಿನ ತಟ್ಟೆಗೆ ಕಂದು ಬಣ್ಣದ, ಬೆರಳುದ್ದದ್ದೇನೋ ಬಿದ್ದು ಉರುಳಿತು. ಅದರ ತುದಿಯಲ್ಲಿ ಉಗುರು ಇತ್ತು. ಇತ್ತೆಂದೇ ನಾನು ನೋಡಿದೆ.

ಆಮೇಲೆ ನಾನು ಬಿದ್ದೆನಂತೆ. ಎಚ್ಚರವಾದಾಗ ಮುಖದ ಮೇಲೆ ನೀರು, ಬೆನ್ನಿನಡಿ ತಗಡಿನ ಚೂರು, ಸುತ್ತಲೂ ಎಲ್ಲರ ಕಾಲು. ಪ್ರೆಸ್ಸಣ್ಣ ಕುಕ್ಕರಗಾಲಿನಲ್ಲಿ ಕೂತು ಆ ಕಂದು ಬಣ್ಣದ ತುಂಡನ್ನು ನನ್ನ ಮೂಗಿನ ಮುಂದೆ ಹಿಡಿದಿದ್ದ.

“ಬೇವಿನ್ ಕಡ್ಡಿ ಸಾ. ಬೆರಳಲ್ಲ, ಏಳಿ. ನೋಡಿ, ಐದಕ್ಕೈದೂ ಅವೆ.” ಐದೂ ಬೆರಳನ್ನು ಆಡಿಸಿ ತೋರಿಸಿದ.

ಆತ ಎದ್ದು ಹೋದದ್ದು ಕಡ್ಡಿ ಮುರಿದುಕೊಂಡು ಬರಲು. ಅಲ್ಲಿಂದ ಮುಂದೆ ಕೈ ಬದಲು ಕಡ್ಡಿಯಿಂದಲೇ ತಗಡು ದೂಡುತ್ತಿದ್ದ. ನಾನು ನೋಡಿರಲೇ ಇಲ್ಲ.

ಅಷ್ಟಕ್ಕೇ ಮುಗಿದಿದ್ದರೆ ನಾನು ಇದನ್ನು ತಮಾಷೆಯೆಂದು ಹೇಳಿಕೊಂಡು ತಿರುಗಬಹುದಿತ್ತು. ಆದರೆ ಎದ್ದು ಕೂತ ಮೇಲೆ ಕೇಳಿದೆ: “ಕತೆಗೆ ಮೊದಲೇ ನಕ್ಕಿದ್ದಕ್ಕೇ ನಿಮಗೆ ಅನುಮಾನ ಬಂತಾ ಅಣ್ಣ?”

“ನಗು ಒಂದೇ ಅಲ್ಲ ಸಾ.” ಆತ ನಡುಬೆರಳು ಚಾಚಿದ. ಉಗುರಿನ ತುದಿ ಅಂಚಿನುದ್ದಕ್ಕೂ ನುಣ್ಣಗೆ, ಕ್ಷೌರದವನು ಕತ್ತರಿಸಿದಂತೆ ಹೋಗಿತ್ತು. “ಗಡಿಯಾರ ಬೆಳೀತಾರೆ ಅಂದ್ನಲ್ಲ, ಆ ಏಟು. ನಾನು ಬಿಡಿ ಅನ್ನೋ ಒತ್ಗೆ ಗುಂಡು ಅರ್ಧ ಬಂದ್ಬುಟ್ಟಿತ್ತು. ಕೈ ಎಳ್ಕಂಡೆ. ಉಗುರು ಓಯ್ತು.”

ಆ ಏಟು ನನಗೆ ನೆನಪಿಗೇ ಇರಲಿಲ್ಲ. ನಾನು ನಗುತ್ತಿದ್ದೆ. ನಾನು ಹೆದರಿ ಬಿದ್ದದ್ದು ಒಂದು ಕಡ್ಡಿಗೆ. ನಿಜವಾದದ್ದು ಹಾದುಹೋದಾಗ ಹೊಟ್ಟೆ ಹಿಡಿದುಕೊಂಡು ನಿಂತಿದ್ದೆ. ಇಂದಿಗೂ ನಾನು ಮತ್ತೆ ಮತ್ತೆ ಹುಡುಕುವುದು ಆ ಏಟನ್ನು. ಸಿಗುವುದಿಲ್ಲ. ಕತೆ ಕೇಳುತ್ತದೆ, ನನ್ನ ನಗು ಕೇಳುತ್ತದೆ, ಕೈ ಮಾತ್ರ ಕಾಣುವುದಿಲ್ಲ.

“ಮತ್ತೆ ಆಗಲೇ ಯಾಕೆ ನಿಲ್ಲಿಸಲಿಲ್ಲ? ನನ್ನನ್ನು ಬಯ್ದು ಓಡಿಸಬೇಕಿತ್ತು.”

“ಎಂಗೆ ಬಯ್ಯಾದು? ನೀವು ಗಂಟು ಆಕಿ ಬಂದಿದ್ರಲ್ಲ. ಅಕ್ಕನೇ ಎಳ್ದು ನೋಡವ್ರೆ. ಗಂಟು ನಿಂತೋರು ತಪ್ಪೋದಿಲ್ಲ. ನಂಗೇ ಎಲ್ಲೋ ಜಾಳು ತಾಕೈತೆ, ನಾನೇ ಕೈ ನಿಧಾನ ಮಾಡ್ದೆ ಅಂದ್ಕಂಡೆ. ಯಾತಕ್ಕೂ ಇರ್ಲಿ, ಒಂದ್ ಕಡ್ಡಿ ಇಟ್ಟು ನೋಡಾನ ಅಂತ...”

ನಾನು ಜೇಬಿನಿಂದ ಉಳಿದ ಗಂಟುಗಳನ್ನು ತೆಗೆದು ನೆಲದ ಮೇಲೆ ಇಟ್ಟೆ. ಆರು ಇದ್ದವು. ಎಲ್ಲರಿಗೂ ಅರ್ಥವಾಯಿತು, ಕಸ ಗುಡಿಸುವ ಹೆಂಗಸಿಗೂ. ಆಕೆ “ಅಯ್ಯಯ್ಯೋ” ಎಂದು ಬಾಯಿಗೆ ಸೆರಗು ಹಿಡಿದಳು. ಅಕ್ಕ ಒಂದನ್ನು ಎತ್ತಿ ಬೆಳಕಿಗೆ ಹಿಡಿದರು.

“ತುದಿ ಹಲ್ಲಲ್ಲಿ ಕಡಿದಿದೆ. ಮನೇಲಿ ಹೂ ಕಟ್ಟೋ ಹೆಂಗಸ್ರು ಹಾಕಿರೋ ಗಂಟು ಇದು. ಯಾರು, ನಿಮ್ಮಮ್ಮನಾ?”

“ಹೌದಕ್ಕ.”

“ಒಳ್ಳೇ ಕೈ,” ಎಂದರು. ಆಮೇಲೆ ಪ್ರೆಸ್ಸಣ್ಣನ ಕಡೆ ತಿರುಗಿ, “ಮೂರು ವಾರದಿಂದ ಎಳೆದು ನೋಡ್ತಾ ಇದೀನಪ್ಪ. ತುದಿ ನೋಡಲಿಲ್ಲ. ನಾನೂ ನೇಕಾರಳೇನಾ?” ಎಂದು ಹೇಳಿ ಕೋಣೆಯೊಳಗೆ ಹೋಗಿಬಿಟ್ಟರು. ಅವರು ನನ್ನ ಕೆನ್ನೆಗೆ ಹೊಡೆದಿದ್ದರೆ ಅದನ್ನು ಇಷ್ಟು ವರ್ಷ ನೆನಪಿಟ್ಟುಕೊಳ್ಳುತ್ತಿರಲಿಲ್ಲ.

ಮಾಲೀಕರಿಗೆ ನಾನೇ ಹೋಗಿ ಹೇಳಿದೆ. ಅವರು ಎಲ್ಲವನ್ನೂ ಕೇಳಿ, “ಏನೂ ಆಗಲಿಲ್ಲ ತಾನೇ?” ಎಂದರು. ಪ್ರೊಬೇಷನ್ನನ್ನು ಆರು ತಿಂಗಳು ಮುಂದಕ್ಕೆ ಹಾಕಿದರು. ಕಾರಣದ ಜಾಗದಲ್ಲಿ ‘ವೀಕ್‌ನೆಸ್’ ಎಂದೇ ಬರೆದರು. ಡಾಕ್ಟರ ಚೀಟಿ ಕಡತದಲ್ಲಿ ಇತ್ತಲ್ಲ.

ಜಾಳಿಗೆ ಮದ್ದು ಕಲ್ಲೊಂದೇ. ಗಡಿಯಾರದಿಂದ ದೂರ, ಸದ್ದಿಲ್ಲದ ಕಡೆ, ಬಯಲಲ್ಲಿ ಕೂರಬೇಕು. ಹೊತ್ತು ತಾನಾಗಿ ಮೈಗೆ ಕೂಡಿಕೊಳ್ಳುತ್ತದೆ ಎಂದು ಅಕ್ಕ ಹೇಳುತ್ತಿದ್ದರು. ನಾಲ್ಕು ವಾರ ಕೂತೆ. ಕೈಗಡಿಯಾರವನ್ನೂ ಬಿಚ್ಚಿಸಿದ್ದರು. ಗೇಟಿನಲ್ಲಿ ಹೋಗಿಬರುವವರೆಲ್ಲ ನೋಡಿದರು. ಮೊದಲ ವಾರ ನಾಚಿಕೆ, ಎರಡನೆಯ ವಾರ ಬೇಸರ, ಆಮೇಲೆ ಆಚೆ ಹೊಲದಲ್ಲಿ ರಾಗಿ ಕೊಯ್ಯುವುದನ್ನು ನೋಡುವುದರಲ್ಲಿ ಎರಡೂ ಮರೆತುಹೋದವು. ಮನೆಯಲ್ಲಿ ಅಮ್ಮ ಸಾರು ಹಾಕಿದ ಮೇಲೆ “ಸಾಕು” ಎನ್ನತೊಡಗಿದೆ. ಅಮ್ಮ, “ಬಂತಪ್ಪ ನಮ್ಮ ಹುಡುಗನಿಗೆ ಬುದ್ಧಿ” ಎಂದರು. ನಾಲ್ಕನೆಯ ವಾರದ ಕೊನೆಗೆ ನನ್ನ ಕೈಯಲ್ಲೇ ಹಾಕಿದ ಗಂಟು ನಿಂತಿತು. ಅಕ್ಕ ಎಳೆದು ನೋಡಿದರು, ತುದಿಯನ್ನೂ ನೋಡಿದರು. ಹತ್ತು ಸಲ ಹಾಕಿಸಿದರು, ಕಣ್ಣ ಮುಂದೆಯೇ.

ಅಂದೇ ಮಧ್ಯಾಹ್ನ ಪ್ರೆಸ್ಸಣ್ಣ ಕರೆದ. “ಬನ್ನಿ ಸಾ, ಪ್ರೆಸ್ಸಿಗೆ.”

“ನಾನು ಇನ್ನು ಜನ್ಮದಲ್ಲಿ ಅದನ್ನ ತಿರುಗಿಸಲ್ಲ ಅಣ್ಣ.”

“ತಿರುಗ್ಸೋದು ನಾನು. ತಗಡು ಇಡಾದು ನೀವು.”

ಆತ ತಮಾಷೆ ಮಾಡುತ್ತಿರಲಿಲ್ಲ. ತೋಳಿನ ಗುಂಡು ಹಿಡಿದು ನಿಂತಿದ್ದ. ನಾನು ಆತನ ಮಣೆಯ ಮೇಲೆ ಕೂತೆ. ಕೆಳಗಿನಿಂದ ನೋಡಿದರೆ ಆ ಅಚ್ಚಿನ ಬಾಯಿ ಎಷ್ಟು ದೊಡ್ಡದೆಂದು ಕಾಣುತ್ತದೆ. ಈ ಮಣೆಯ ಮೇಲೆ ಕೂತು ಆತ ಕತೆಗಳನ್ನೂ ಹೇಳುತ್ತಿದ್ದ. ಕಣ್ಣು ಮುಚ್ಚಿ “ಬಿಡಿ” ಎಂದೆ.

ಧಡ್. ಸದ್ದು ಬೇರೆ ಥರ ಕೇಳಿಸಿತು. ಕಬ್ಬಿಣಕ್ಕೆ ಕಬ್ಬಿಣ.

“ಕೈ ಚೆನ್ನಾಗಿ ತೆಗೆದಿದ್ದೀರಿ ಸಾ,” ಎಂದ ಪ್ರೆಸ್ಸಣ್ಣ. “ತಗಡು ಇಡಾದು ಒಂದು ಮರ್ತ್ರಿ.”

ತಗಡು ನನ್ನ ಕೈಯಲ್ಲೇ ಇತ್ತು. ಕೈ ಬೆನ್ನ ಹಿಂದೆ ಇತ್ತು. ಅಕ್ಕ ಬಾಗಿಲಲ್ಲಿ ನಿಂತು ನಗುತ್ತಿದ್ದರು. ಆ ಘಟನೆಯ ಮೇಲೆ ಅವರು ನಕ್ಕಿದ್ದು ಅದೇ ಮೊದಲು.

ಎರಡನೆಯ ಸಲ ತಗಡನ್ನು ಅಚ್ಚಿನ ಮೇಲೆ ಇಟ್ಟೆ. ಅಂಚಿಗೆ ಸರಿಯಾಗಿ ಕೂರಿಸಿದೆ. ಕೈ ತೆಗೆದೆ. “ಬಿಡಿ” ಎಂದೆ. ಗುಂಡು ಅಲುಗಲಿಲ್ಲ. ತಲೆಯೆತ್ತಿ ನೋಡಿದೆ. ಪ್ರೆಸ್ಸಣ್ಣ ನನ್ನ ಮಾತನ್ನು ಕೇಳಿಸಿಕೊಂಡಿದ್ದ. ಕೇಳಿಸಿಕೊಂಡ ಮೇಲೂ ಬಗ್ಗಿ, ನನ್ನ ಎರಡೂ ಕೈಗಳು ನನ್ನ ಮಡಿಲಲ್ಲಿವೆಯೆಂದು ಒಮ್ಮೆ ಕಣ್ಣಾರೆ ನೋಡಿಕೊಂಡ. ಆಮೇಲೆ ತಿರುಗಿಸಿದ.